ಹಿರಿಯಕ್ಕನ ಕೊಂಬು

ಅಜ್ಜಿಯ ಮಂದೆಯಲ್ಲಿ ಒಂದು ಆಡಿತ್ತು. ಅದಕ್ಕೆ ಹಿರಿಯಕ್ಕ ಅಂತ ಹೆಸರಿಟ್ಟವಳು ಅಜ್ಜಿಯೇ. ತುಂಬಿದ ಮನೆಯಲ್ಲಿ ದೊಡ್ಡ ಮಗಳಾದವಳು ಹೊಡೆಯದೆ ಬಡಿಯದೆ, ಬರೀ ಕಣ್ಣು ಬಿಟ್ಟೇ ಚಿಕ್ಕವರನ್ನೆಲ್ಲ ಸಾಲಿಗೆ ತರುತ್ತಾಳಲ್ಲ, ಹಾಗೆ ಅದು ಮಂದೆಯನ್ನು ನಡೆಸುತ್ತಿತ್ತು. ಮೈ ಕಂದು, ಹೊಟ್ಟೆ ಬಿಳಿ, ಒಂದು ಕಿವಿ ಯಾವಾಗಲೋ ನಾಯಿ ಬಾಯಿಗೆ ಸಿಕ್ಕಿ ಹರಿದದ್ದು. ಚೆಲುವೆ ಅನ್ನುವ ಹಾಗೇನಿರಲಿಲ್ಲ. ಕೊಂಬು ಮಾತ್ರ ನೋಡಬೇಕಾದದ್ದೇ. ಹಣೆಯಿಂದ ನೇರ ಎದ್ದು, ಹಿಂದಕ್ಕೆ ಬಾಗಿ, ತುದಿಗೆ ಬರುವಾಗ ಒಂದಿಷ್ಟು ಹೊರಕ್ಕೆ ತಿರುಗಿಕೊಂಡ ಜೋಡಿ.

ಆ ಕೊಂಬಿಗೆ ಬೆಳಗಿನಿಂದ ಸಂಜೆಯವರೆಗೆ ಬಿಡುವಿರಲಿಲ್ಲ. ಕೆಳಗಿನ ಸೊಪ್ಪು ಮುಗಿದಾಗ ಹಿರಿಯಕ್ಕ ಜಾಲಿ ಮರದ ಬುಡಕ್ಕೆ ಹೋಗಿ ಹಿಂಗಾಲ ಮೇಲೆ ನಿಲ್ಲುತ್ತಿತ್ತು. ಕತ್ತನ್ನು ಓರೆ ಮಾಡಿ, ಒಂದು ರೆಂಬೆಯನ್ನು ಕೊಂಬಿನ ಬಾಗಿಗೆ ಸಿಕ್ಕಿಸಿಕೊಂಡು ಮೈಭಾರ ಬಿಟ್ಟು ಕೆಳಗೆ ಎಳೆಯುತ್ತಿತ್ತು. ರೆಂಬೆ ಬಗ್ಗಿದ ಕೂಡಲೇ ಮಿಕ್ಕವು ನುಗ್ಗಿ ಬಂದು ಮೇಯುತ್ತಿದ್ದವು. ಹಿರಿಯಕ್ಕ ತಾನೂ ತಿನ್ನುತ್ತಿತ್ತು, ಆದರೆ ಅದು ತಿಂದು ಮುಗಿಸುವ ತನಕ ರೆಂಬೆ ಹಿಡಿದೇ ಇರುತ್ತಿದ್ದುದರಿಂದ ಎಲ್ಲಕ್ಕೂ ಪಾಲು ಸಿಗುತ್ತಿತ್ತು. ಮಂದೆ ಅದರ ಬೆನ್ನು ಬಿಡದಿದ್ದುದಕ್ಕೆ ದೊಡ್ಡ ಗುಟ್ಟೇನೂ ಇಲ್ಲ. ಅದರ ಹಿಂದೆ ಹೋದರೆ ಹೊಟ್ಟೆ ತುಂಬುತ್ತಿತ್ತು. ಯಾವುದಾದರೂ ಒಂದು ಆಡು ಜಾಸ್ತಿ ಮೇಲೆ ಬಿದ್ದರೆ ಹಿರಿಯಕ್ಕ ಗುಮ್ಮುತ್ತಿರಲಿಲ್ಲ. ತಲೆಯನ್ನು ಒಂದು ಪಕ್ಕಕ್ಕೆ ವಾಲಿಸಿ ಕೊಂಬಿನ ಮೈಯನ್ನು ತೋರಿಸುತ್ತಿತ್ತು, ಅಷ್ಟೆ. ಎದುರಿನದು ಕಣ್ಣು ತಪ್ಪಿಸಿ ಹಿಂದೆ ಸರಿಯುತ್ತಿತ್ತು. ಬೆನ್ನು ಕೆರೆದರೆ ಕತ್ತನ್ನು ಹಿಂದಕ್ಕೆ ಎಸೆದು ಆ ತುದಿಯಿಂದಲೇ ತುರಿಸಿಕೊಳ್ಳುತ್ತಿತ್ತು, ಬೆನ್ನ ಮೇಲಿನ ಯಾವ ಜಾಗವೂ ಅದಕ್ಕೆ ಎಟುಕದೆ ಇರಲಿಲ್ಲ.

ಬಿಸಿಲಿನಲ್ಲಿ ಆ ಕೊಂಬಿನ ಬುಡ ಹಿಡಿದರೆ ಕೈಗೆ ಜ್ವರ ಬಂದವರ ಹಣೆಯ ಹಾಗೆ ಬೆಚ್ಚಗೆ ತಾಗುತ್ತಿತ್ತು. ಒಳಗೆ ರಕ್ತ ಓಡುತ್ತಿದೆ ಅಂತ ಅಜ್ಜಿಗೆ ಗೊತ್ತಿಲ್ಲದೆ ಇರಲಿಲ್ಲ. ಗೊತ್ತಿದ್ದೂ ಹಾಗಾಯಿತು, ಅದೇ ಸಂಕಟ.

ಆದದ್ದು ಇಷ್ಟು. ಮೊಮ್ಮಗಳು ಗುಬ್ಬಿ ಒಂದು ಸಂಜೆ ಕೊಟ್ಟಿಗೆಯ ಬಾಗಿಲಲ್ಲಿ ಹಿರಿಯಕ್ಕನ ಬೆನ್ನ ಹಿಂದಿನಿಂದ ಹೋಗಿ ಅದರ ಕತ್ತು ತಬ್ಬಿಕೊಳ್ಳಲು ನೋಡಿತು. ಆಡಿನ ಬೆನ್ನ ಮೇಲೆ ನೊಣ ಕೂತಿತ್ತು. ಅದು ಎಂದಿನಂತೆ ತಲೆ ಹಿಂದಕ್ಕೆ ಎಸೆಯಿತು. ಕೊಂಬಿನ ತುದಿ ಮಗುವಿನ ಕೆನ್ನೆಗೆ, ಕಣ್ಣಿನ ಸ್ವಲ್ಪ ಕೆಳಗೆ, ಹೊಕ್ಕಿತು. ಆಸ್ಪತ್ರೆಯಲ್ಲಿ ಹೊಲಿಗೆ ಹಾಕಿಸಿಕೊಂಡು ಬಂದರು. ಕಣ್ಣು ಉಳಿಯಿತು. ಮಗು ಎರಡು ದಿನದಲ್ಲಿ ಮತ್ತೆ ಅಂಗಳದಲ್ಲಿ ಕುಣಿಯತೊಡಗಿತು. ದೊಡ್ಡವರು ಮಾತ್ರ ಕುಣಿಯುವ ಸ್ಥಿತಿಯಲ್ಲಿರಲಿಲ್ಲ.

"ಅತ್ತೆ, ಆ ಆಡಿಗೆ ಏನಾದರೂ ಮಾಡಬೇಕು," ಅಂದಳು ಸೊಸೆ. ಒಲೆ ಮುಂದೆ ಕೂತು, ಬೆಂಕಿ ನೋಡುತ್ತಲೇ ಅಂದಳು.

"ಏನು ಮಾಡಬೇಕು? ಅದೇನು ಬೇಕು ಅಂತ ಹಾಯ್ದಿದ್ದಾ? ನೊಣ ಓಡಿಸ್ತಿತ್ತು. ಮಗೂನ ಕಣ್ಣಿಟ್ಟು ನೋಡ್ಕೋಬೇಕಾಗಿತ್ತು."

"ನಾನು ನೋಡ್ಕೊಳ್ಳಲಿಲ್ಲ ಅಂತೀರಾ?"

"ನಾನು ಹಾಗಂದೆನಾ?"

"ಹಾಗೇ ಅಂದಿರಿ. ಏನೇ ಆದರೂ ಅದರದು ತಪ್ಪಿಲ್ಲ. ಹಾಲು ಚೆಲ್ಲಿದರೂ ತಪ್ಪಿಲ್ಲ, ಒಣಹಾಕಿದ ಬಟ್ಟೆ ತಿಂದರೂ ತಪ್ಪಿಲ್ಲ. ಅದಕ್ಕೇನು ಎರಡು ಕೊಂಬಿದೆಯಾ?"

ಇಟ್ಟಿಗೆ ಗೂಡಿನಲ್ಲಿ ಟ್ರಾಕ್ಟರ್ ಓಡಿಸುತ್ತಿದ್ದ ಮಗ ಆಗಷ್ಟೇ ಕೈಕಾಲು ತೊಳೆದು ಒಳಗೆ ಬಂದಿದ್ದ. "ಇದೆಯಲ್ಲ ಮಾರಾಯ್ತಿ, ಅದೇ ಈಗ ತೊಂದರೆ ಆಗಿರೋದು," ಅಂದ. ನಗುತ್ತಾರೇನೋ ಅಂದುಕೊಂಡಿದ್ದ. ಇಬ್ಬರೂ ನಗಲಿಲ್ಲ. ಅವನು ತಟ್ಟೆ ತೆಗೆದುಕೊಂಡು ಹೊರಗೆ ಜಗುಲಿಗೆ ಹೋದ.

ಮಾತು ಅಲ್ಲಿಗೇ ನಿಂತಿದ್ದರೆ ಆಗುತ್ತಿತ್ತು. ಆದರೆ ಮಾರನೆಯ ದಿನ ನೀರು ಸೇದುವಲ್ಲಿ ಸೊಸೆ ಪಕ್ಕದ ಮನೆಯವಳ ಹತ್ತಿರ, "ನಮ್ಮತ್ತೆಗೆ ಮೊಮ್ಮಗಳಿಗಿಂತ ಆಡೇ ಹೆಚ್ಚು" ಅಂದದ್ದು ಅಜ್ಜಿಯ ಕಿವಿಗೆ ಬಿತ್ತು. ಸೊಸೆ ಅದನ್ನು ಕೋಪಕ್ಕೆ ಅಂದಳೋ, ತಮಾಷೆಗೆ ಅಂದಳೋ. ಅಜ್ಜಿ ಕೇಳಲು ಹೋಗಲಿಲ್ಲ. ಆ ಮಾತು ಎದೆಯಲ್ಲಿ ಮುಳ್ಳು ಮುರಿದ ಹಾಗೆ ಕೂತುಬಿಟ್ಟಿತು.

ಪಶು ಆಸ್ಪತ್ರೆಯ ಕಾಂಪೌಂಡರನ್ನು ಕರೆಸಿದವನು ಮಗ. ಬಂದವನು ಹಿರಿಯಕ್ಕನ ತಲೆಯನ್ನು ತೊಡೆಗಳ ನಡುವೆ ಹಿಡಿದುಕೊಂಡು, ಕೊಂಬನ್ನು ಬುಡದಿಂದ ತುದಿಯವರೆಗೆ ಬೆರಳಿನಿಂದ ಒತ್ತಿ ನೋಡಿದ.

"ತುದಿ ತೆಗೆದರೆ ಸಾಕು ಅಮ್ಮಾ. ಇಲ್ಲಿಂದ ಇಷ್ಟು. ಇದು ಬರೀ ಉಗುರಿನ ಥರ, ನೋವೂ ಆಗಲ್ಲ, ರಕ್ತವೂ ಬರಲ್ಲ. ಮೊಂಡಾಗುತ್ತೆ, ಚುಚ್ಚಲ್ಲ. ಅದಕ್ಕಿಂತ ಕೆಳಗೆ ಹೋದರೆ ಮಾತ್ರ ಒಳಗೆ ಮೂಳೆ ಇದೆ, ಜೀವ ಇದೆ. ಬೆಳೆದ ಆಡಿಗೆ ಕೊಂಬೂ ತಲೆಬುರುಡೆಯೂ ಒಂದೇ."

ಸೊಸೆ ಕೊಟ್ಟಿಗೆಯ ಬಾಗಿಲಿಗೆ ಒರಗಿ ನಿಂತಿದ್ದಳು. ಕಂಕುಳಲ್ಲಿ ಗುಬ್ಬಿ, ಕೆನ್ನೆಯ ಮೇಲೆ ಅಂಟಿಸಿದ ಬಿಳಿ ಪಟ್ಟಿ. ಪಕ್ಕದ ಮನೆಯವಳೂ ಗೋಡೆಯಾಚೆಯಿಂದ ಕತ್ತು ಚಾಚಿದ್ದಳು. ಸೊಸೆ ಏನೋ ಹೇಳಲು ಬಾಯಿ ತೆರೆದಳು. ಅಜ್ಜಿ ಅವಳಿಗೆ ಅವಕಾಶ ಕೊಡಲಿಲ್ಲ.

"ಬುಡಕ್ಕೆ ತೆಗಿಯಪ್ಪ," ಅಂದಳು. ಗೋಡೆಯಾಚೆಗೂ ಕೇಳಲಿ ಅನ್ನುವಷ್ಟು ಜೋರಾಗಿಯೇ ಅಂದಳು. "ನಾಳೆ ಯಾರೂ ನನಗೆ ಆಡೇ ಹೆಚ್ಚು ಅನ್ನೋದು ಬೇಡ. ಬುಡಕ್ಕೇ ತೆಗಿ."

"ಅಮ್ಮಾ, ಯೋಚನೆ ಮಾಡಿ. ತುದಿ ಸಾಕು ಅಂತ ನಾನು..."

"ಹೇಳಿದ್ದು ಕೇಳಿಸಲಿಲ್ವಾ?"

"ಅಮ್ಮಾ..." ಅಂದ ಮಗ.

"ನೀನು ಸುಮ್ನಿರು."

ಅಜ್ಜಿಯ ಮಾತು ಆ ಮನೆಯಲ್ಲಿ ಒಮ್ಮೆ ಹೊರಬಿದ್ದರೆ ಮುಗಿಯಿತು, ಅದನ್ನು ಅವಳೂ ಹಿಂದಕ್ಕೆ ತೆಗೆದುಕೊಳ್ಳುತ್ತಿರಲಿಲ್ಲ. ಕಾಂಪೌಂಡರ್ ಸೊಸೆಯ ಮುಖ ನೋಡಿದ, ಮಗನ ಮುಖ ನೋಡಿದ, ಆಮೇಲೆ ಸೂಜಿ ತೆಗೆದ. ಮರಗಟ್ಟಿಸುವ ಮದ್ದು ಚುಚ್ಚಿ, ಬುಡಕ್ಕೆ ದಾರ ಬಿಗಿದು, ತಂತಿಯ ಗರಗಸ ಹಾಕಿದ. ಮಗ ಕಾಲು ಹಿಡಿದ, ಅಜ್ಜಿ ಮೂತಿ ಹಿಡಿದಳು. ಕೂದಲು ಸುಟ್ಟ ವಾಸನೆ ಬಂತು. ಮೊದಲ ಕೊಂಬು ಬಿದ್ದಾಗ ರಕ್ತ ಸಣ್ಣ ಎಳೆಯಾಗಿ ಚಿಮ್ಮಿ ಅಜ್ಜಿಯ ತೋಳಿಗೆ ಹಾರಿತು. ಕಾದ ಕಬ್ಬಿಣ ಇಟ್ಟು ಅದನ್ನು ನಿಲ್ಲಿಸಿದರು. ಎರಡೂ ಮುಗಿದ ಮೇಲೆ ನೋಡಿದರೆ ಹಣೆಯಲ್ಲಿ ಎರಡು ತೂತು, ಬೆರಳು ಹೋಗುವಷ್ಟು. ಬೆಳಗಿನ ಚಳಿಗೆ ಆ ತೂತುಗಳಿಂದ ತೆಳ್ಳಗೆ ಹಬೆ ಬರುತ್ತಿತ್ತು. ಆಡು ಮೂಗಿನಲ್ಲಿ ಉಸಿರು ಬಿಟ್ಟಾಗಲೆಲ್ಲ ಅಲ್ಲಿಯೂ ಉಸಿರಾಡುತ್ತಿತ್ತು.

ಅದನ್ನು ಕಂಡದ್ದೇ ಸೊಸೆ ಮಗುವಿನ ಮುಖವನ್ನು ಹೆಗಲಿಗೆ ಒತ್ತಿಕೊಂಡು ಒಳಗೆ ಹೋದಳು.

ಗಾಯ ಮಾಯಲು ಬಹಳ ಸಮಯ ಹಿಡಿಯಿತು. ಅಜ್ಜಿ ದಿನಾ ಹತ್ತಿ ಬದಲಿಸಿ, ಮುಲಾಮು ಹಚ್ಚಿ, ನೊಣ ಕೂರದಂತೆ ಬಟ್ಟೆ ಸುತ್ತುತ್ತಿದ್ದಳು. ಆ ಕೆಲಸವನ್ನು ಯಾರಿಗೂ ಬಿಡಲಿಲ್ಲ. ತೂತು ಮುಚ್ಚಿ, ಮೇಲೆ ಒರಟು ಚರ್ಮ ಕಟ್ಟಿದ ಮೇಲೆ ಹಿರಿಯಕ್ಕನನ್ನು ಮಂದೆಗೆ ಬಿಟ್ಟಳು. ಮಂದೆಯ ಮುಂದೆ ನಡೆಯುವ ಆಡಿಗೆ ಅಂತ ಇದ್ದ ಹಳೆಯ ಗಂಟೆಯನ್ನೇ ಮತ್ತೆ ಅದರ ಕೊರಳಿಗೆ ಕಟ್ಟಿದಳು. ಕೊಂಬು ಹೋದರೇನು, ಆಡು ಅದೇ ತಾನೇ ಅಂದುಕೊಂಡಳು.

ಮೊದಲ ದಿನ ಯಾವ ಆಡಿಗೂ ಅರ್ಥವಾಗಲಿಲ್ಲ. ಹತ್ತಿರ ಬಂದು ಮೂಸಿದವು, ಸರಿದವು. ಎರಡನೆಯ ದಿನ ಬಜಾರಿಗೆ ಅರ್ಥವಾಯಿತು. ಬಜಾರಿ ಅನ್ನುವುದು ಒಂದು ಕರಿ ಆಡು, ಸದಾ ಅರಚುವುದು, ಮೈಯಲ್ಲಿ ಕಸುವು ಜಾಸ್ತಿ. ತೊಟ್ಟಿಯ ಹತ್ತಿರ ಅದು ಹಿರಿಯಕ್ಕನ ಮೇಲೆ ಬಿತ್ತು. ಹಿರಿಯಕ್ಕ ಎಂದಿನಂತೆ ತಲೆ ವಾಲಿಸಿ ಕೊಂಬು ತೋರಿಸಿತು. ತೋರಿಸಲು ಅಲ್ಲಿ ಏನಿತ್ತು? ಬಜಾರಿ ಪಕ್ಕೆಗೆ ಗುಮ್ಮಿತು. ಹಿರಿಯಕ್ಕ ಮತ್ತೆ ತಲೆ ವಾಲಿಸಿತು. ಮತ್ತೆ ಗುಮ್ಮಿಸಿಕೊಂಡಿತು. ಅಜ್ಜಿ ಕೋಲು ಬೀಸಿ ಬಜಾರಿಯನ್ನು ಓಡಿಸಿದಳು. ಆದರೆ ಕೋಲು ಎಷ್ಟು ಹೊತ್ತು ಅಡ್ಡ ಇರಲು ಸಾಧ್ಯ? ಆ ವಾರದೊಳಗೆ ನಿನ್ನೆ ಮೊನ್ನೆಯ ಮರಿಹೋತಗಳೂ ಹಿರಿಯಕ್ಕನನ್ನು ತೊಟ್ಟಿಯಿಂದ ತಳ್ಳುವಷ್ಟಾದವು.

ಅಜ್ಜಿಗೆ ಹೆಚ್ಚು ಕಷ್ಟವಾದದ್ದು ಜಾಲಿ ಮರದ ಕೆಳಗೆ. ಹಿರಿಯಕ್ಕ ಹಿಂಗಾಲ ಮೇಲೆ ನಿಂತು, ಕತ್ತು ಓರೆ ಮಾಡಿ, ರೆಂಬೆಗೆ ತಲೆ ಕೊಡುತ್ತಿತ್ತು. ರೆಂಬೆ ಬೋಳು ಹಣೆಯ ಮೇಲೆ ಜಾರಿ ಮೇಲಕ್ಕೆ ಚಿಮ್ಮುತ್ತಿತ್ತು. ಇನ್ನೊಮ್ಮೆ ನಿಲ್ಲುತ್ತಿತ್ತು, ಇನ್ನೊಮ್ಮೆ ಜಾರುತ್ತಿತ್ತು. ಮಂದೆ ಸ್ವಲ್ಪ ಹೊತ್ತು ಕಾದು ಬಜಾರಿಯ ಹಿಂದೆ ಹೊರಟುಹೋಗುತ್ತಿತ್ತು. ಬಜಾರಿಗೆ ಕೊಂಬಿತ್ತು, ರೆಂಬೆ ಎಳೆಯುವ ಬುದ್ಧಿ ಇರಲಿಲ್ಲ. ಹಿರಿಯಕ್ಕನಿಗೆ ಬುದ್ಧಿ ಇತ್ತು, ರೆಂಬೆ ಸಿಕ್ಕಿಸಲು ಕೊಕ್ಕೆ ಇರಲಿಲ್ಲ. ಬೆನ್ನು ಕೆರೆದಾಗ ಪಾಪದ್ದು ಈಗಲೂ ತಲೆಯನ್ನು ಹಿಂದಕ್ಕೆ ಎಸೆಯುತ್ತಿತ್ತು. ಎಸೆದು, ಏನೂ ತಾಗದೆ, ಹಾಗೇ ಒಂದು ಗಳಿಗೆ ನಿಂತುಬಿಡುತ್ತಿತ್ತು. ಅಜ್ಜಿ ಹೋಗಿ ಉಗುರಿನಿಂದ ಕೆರೆಯುತ್ತಿದ್ದಳು. "ಇಲ್ಲೇನೇ? ಇನ್ನೂ ಮೇಲಾ? ಹೇಳಬಾರದೇನೇ ಬಾಯಿ ಬಿಟ್ಟು," ಅನ್ನುತ್ತಿದ್ದಳು.

"ಗಂಟೆ ಬಿಚ್ಚಿ ಬಜಾರಿಗೆ ಕಟ್ಟಮ್ಮ," ಅಂದ ಮಗ ಒಂದು ದಿನ. "ಈಗ ಮುಂದೆ ಹೋಗೋದು ಅದೇ ತಾನೇ? ನಿನಗೆ ಕಣ್ಣು ಬೇರೆ ಸರಿಯಾಗಿ ಕಾಣಲ್ಲ."

"ಬಜಾರಿಗೆ ಗಂಟೆ ಬೇರೆ ಕೇಡು. ಅದರ ಬಾಯಿ ಸಾಲದಾ?"

ಮಗ ನಕ್ಕ. ಅಜ್ಜಿ ತಮಾಷೆಗೆ ಅಂದದ್ದು ಹೌದು. ಆದರೆ ಒಳಗೆ ಬೇರೆಯೇ ಇತ್ತು. ಕೊಂಬು ತಾನೇ ತೆಗೆಸಿದ್ದಳು, ಇನ್ನು ಗಂಟೆಯನ್ನೂ ಬಿಚ್ಚುವುದು ಅವಳ ಕೈಲಿ ಆಗುತ್ತಿರಲಿಲ್ಲ. ಮಂದೆಯ ಯಜಮಾನಿಕೆ ಗಂಟೆಯಲ್ಲಿಲ್ಲ ಅನ್ನುವುದು ಆಡುಗಳಿಗೆಲ್ಲ ಗೊತ್ತಾಗಿತ್ತು. ಅಜ್ಜಿ ಮಾತ್ರ ಅದನ್ನು ಒಪ್ಪಲು ತಯಾರಿರಲಿಲ್ಲ.

ಎರಡು ಮಳೆ ಬಿದ್ದು ನಿಂತ ಮೇಲೆ ಒಂದು ಮಧ್ಯಾಹ್ನ. ದಿಬ್ಬದ ಆಚೆ ಕೊಯ್ಲಾದ ಜೋಳದ ಹೊಲ. ಕೊಯ್ದ ಮೋಟುಗಳು ಮಳೆಗೆ ಮತ್ತೆ ಚಿಗುರಿ ಮೊಣಕಾಲೆತ್ತರ ಹಸಿರಾಗಿದ್ದವು. ಈ ಕೂಳೆ ಚಿಗುರು ನೋಡಲು ಎಷ್ಟು ಚೆಂದವೋ ದನ ಆಡುಗಳಿಗೆ ಅಷ್ಟು ವಿಷ. ಹೊಟ್ಟೆಗೆ ಹೋದ ಸ್ವಲ್ಪ ಹೊತ್ತಿಗೇ ಉಸಿರು ಕಟ್ಟುತ್ತದೆ. ಮರಿಯಾಗಿದ್ದಾಗ ಹಿರಿಯಕ್ಕ ಅದನ್ನು ಒಂದು ಸಲ ತಿಂದು ಸತ್ತು ಬದುಕಿತ್ತು. ಅಂದಿನಿಂದ ಆ ಹೊಲದ ಬದುವಿಗೆ ಬಂದರೆ ತಾನಾಗಿ ತಿರುಗಿ ಹಳ್ಳದ ಕಡೆ ಇಳಿಯುತ್ತಿತ್ತು, ಮಂದೆಯೂ ಇಳಿಯುತ್ತಿತ್ತು. ಎಷ್ಟೋ ಮಳೆಗಾಲಗಳಿಂದ ಹಾಗೇ ನಡೆದು, ಆ ಹೊಲಕ್ಕೆ ಹೆದರಬೇಕು ಅನ್ನುವುದೇ ಅಜ್ಜಿಗೆ ಮರೆತುಹೋಗಿತ್ತು.

ಅವಳು ದಿಬ್ಬದ ಈಚೆ ಕಲ್ಲಿನ ಮೇಲೆ ಕೂತಿದ್ದಳು. ಪೊರೆ ಬಂದ ಕಣ್ಣಿಗೆ ದೂರದ ಆಡೂ ಪೊದೆಯೂ ಒಂದೇ. ಆದರೆ ಗಂಟೆ ಕೇಳುತ್ತಿತ್ತು. ಹಳ್ಳದ ಕಡೆಯಿಂದ, ನಿಧಾನಕ್ಕೆ, ಮೇಯುವ ಆಡಿನ ಗಂಟೆ. ಮಂದೆ ಹಳ್ಳಕ್ಕೆ ಇಳಿದಿದೆ ಅಂದುಕೊಂಡಳು. ಸೆರಗಿನ ಗಂಟು ಬಿಚ್ಚಿ ಎಲೆ ಅಡಿಕೆ ಹಾಕಿಕೊಂಡಳು. ಗಂಟೆ ಕೇಳುತ್ತಲೇ ಇತ್ತು. ಮನಸ್ಸು ತಂಪಾಗಿ, ಕಣ್ಣು ಸ್ವಲ್ಪ ಮುಚ್ಚಿಕೊಂಡಿತು.

ಹೊಲದವನು ಕೂಗಿದಾಗಲೇ ಎಚ್ಚರ. "ಅಜ್ಜೀ! ಆಡು ಕೂಳೆ ಒಳಗೆ ಬಿದ್ದಿವೆ! ಎಲ್ಲಿ ಸತ್ತೆ?"

ಅಜ್ಜಿ ಗಂಟೆಯ ಕಡೆಗೇ ಓಡಿದಳು. ಕಿವಿ ಅತ್ತ ಎಳೆಯಿತು, ಕಾಲು ಕಿವಿಯ ಮಾತು ಕೇಳಿತು. ಹಳ್ಳಕ್ಕೆ ಇಳಿದು ನೋಡಿದರೆ ಹಿರಿಯಕ್ಕ ಒಂದೇ ನಿಂತು ಹುಲ್ಲು ಕಡಿಯುತ್ತಿತ್ತು. ಅದು ತಿರುಗಬೇಕಾದ ಕಡೆ ತಿರುಗಿತ್ತು, ಇಳಿಯಬೇಕಾದಲ್ಲಿ ಇಳಿದಿತ್ತು. ಹಿಂದೆ ಮಾತ್ರ ಯಾರೂ ಬಂದಿರಲಿಲ್ಲ. ಅಜ್ಜಿಯನ್ನು ಕಂಡು ತಲೆಯೆತ್ತಿ ಒಮ್ಮೆ ಕೂಗಿತು.

ಅಲ್ಲಿಂದ ಮೇಲೆ ಹತ್ತಿ, ದಿಬ್ಬ ಸುತ್ತಿ ಹೊಲ ಸೇರುವಷ್ಟರಲ್ಲಿ ಬಜಾರಿ ಕಾಲು ಸೆಟೆದು ಬಿದ್ದಿತ್ತು, ಬಾಯಲ್ಲಿ ನೊರೆ. ಅದರ ಪಕ್ಕ ಎರಡು ಗಬ್ಬದ ಆಡು ಬಾಯಿ ತೆರೆದು ಗಾಳಿಗೆ ಒದ್ದಾಡುತ್ತಿದ್ದವು. ಹೊಲದವನು ಮಿಕ್ಕವನ್ನು ಬಡಿದು ಹೊರಗಟ್ಟಿದ್ದ. ಬಯ್ಯಲು ಬಂದವನು ಬಯ್ಯದೆ ಸೈಕಲ್ ಹತ್ತಿ ಕಾಂಪೌಂಡರನ್ನು ಕರೆತರಲು ಹೋದ. ಕಾಂಪೌಂಡರ್ ಬಂದು ಸೂಜಿ ಚುಚ್ಚಿದ ಮೇಲೆ ಕೆಲವು ಎದ್ದವು. ಆ ಮೂರು ಏಳಲಿಲ್ಲ.

ಆವತ್ತು ದೀಪ ಹಚ್ಚುವ ಹೊತ್ತಿಗೆ ಸೊಸೆ ಬಿಸಿನೀರು ತಂದು ಅಜ್ಜಿಯ ಕಾಲಿನ ಮುಳ್ಳು ತೆಗೆಯಲು ಕೂತಳು. ಸೂಜಿಯ ಮೊನೆ ನೋಡುತ್ತಲೇ ಅಂದಳು:

"ಅತ್ತೆ, ಆವತ್ತು ನಾನು ಬಾಯಿ ತೆರೆದಿದ್ದೆ, ನೆನಪಿದೆಯಾ?"

"ಹೂಂ."

"ತುದಿ ಸಾಕು ಅನ್ನೋಕೆ ತೆರೆದಿದ್ದೆ. ನೀವು ಬಿಡಲಿಲ್ಲ."

ಅಜ್ಜಿ ಕಾಲನ್ನು ಹಿಂದಕ್ಕೆ ಎಳೆದುಕೊಳ್ಳಲಿಲ್ಲ. "ನೀನು ಬಾವಿ ಹತ್ತಿರ ಅಂದ ಮಾತು ನನ್ನ ಕಿವಿಗೆ ಬಿದ್ದಿತ್ತು ಕಣೆ," ಅಂದಳು.

"ಯಾವ ಮಾತು?"

ಅಜ್ಜಿ ಹೇಳಿದಳು. ಸೊಸೆ ಸೂಜಿ ಹಿಡಿದ ಕೈ ಹಾಗೇ ನಿಲ್ಲಿಸಿ ನೆನಪು ಮಾಡಿಕೊಳ್ಳಲು ನೋಡಿದಳು. "ಅಂದಿರಬಹುದು ಅತ್ತೆ. ಏನೇನೋ ಅಂತಿರ್ತೀನಿ. ಅದನ್ನ ಇಷ್ಟು ದಿನ ಇಟ್ಕೊಂಡಿದ್ದಿರಾ? ನನಗೆ ಎರಡು ಬಯ್ದು ಬಿಟ್ಟಿದ್ದರೆ ಆಗ್ತಿತ್ತಲ್ಲ."

"ಆಗ್ತಿತ್ತು," ಅಂದಳು ಅಜ್ಜಿ.

ಬಯ್ಯಬೇಕಾದ ಒಂದು ಮಾತನ್ನು ನುಂಗಿ, ಆಡಬಾರದ ಒಂದು ಮಾತನ್ನು ಆಡಿದ್ದಳು. ಅವಳಿಗೆ ಸೊಸೆಯ ಮೇಲೆ ಗೆಲ್ಲಬೇಕಾಗಿತ್ತು. ಬೆಲೆ ಕೊಟ್ಟದ್ದು ಮಾತು ಬಾರದ ಪ್ರಾಣಿ.

ಆಮೇಲೆ ಹಿರಿಯಕ್ಕನನ್ನು ಮಂದೆಯ ಜೊತೆ ಮೇಯಲು ಕಳಿಸಲಿಲ್ಲ. ಮನೆಯ ಹಿಂದೆ ಮರಿಗಳಿಗೆ ಅಂತ ಒಂದು ಬೇಲಿ ಹಾಕಿದ ಜಾಗವಿತ್ತು, ಅಲ್ಲಿ ಬಿಟ್ಟರು. ಆ ಯೋಚನೆ ಸೊಸೆಯದು. ಅದು ಒಳ್ಳೆಯದೇ ಆಯಿತು. ಆ ಎಳೆ ಮರಿಗಳಿಗೆ ಇನ್ನೂ ಕೊಂಬಿರಲಿಲ್ಲ. ಅವುಗಳ ಕಣ್ಣಿಗೆ ಹಿರಿಯಕ್ಕ ತಮ್ಮಂಥದೇ ಒಂದು, ದೊಡ್ಡದು, ಅಷ್ಟೆ. ಅದು ಎದ್ದರೆ ಎದ್ದವು, ಕೂತರೆ ಅದರ ಹೊಟ್ಟೆಗೆ ಒರಗಿ ಕೂತವು. ತಿನ್ನಬಾರದ ಗಿಡವನ್ನು ಅದು ಮೂಸಿ ಬಿಟ್ಟರೆ ಅವೂ ಬಿಟ್ಟವು. ಹಿರಿಯಕ್ಕನ ಮೈ ತುಂಬಿಕೊಂಡಿತು. ಗುಬ್ಬಿ ಅದರ ಬೆನ್ನು ಹತ್ತಿ ಕುದುರೆಯಾಟ ಆಡುತ್ತಿತ್ತು. ನೋಡಿದವರೆಲ್ಲ, "ಎಷ್ಟು ಸಾಧುವಾಗಿಬಿಟ್ಟಿದೆ" ಅನ್ನುತ್ತಿದ್ದರು. ಆ ಮಾತು ಕೇಳಿದಾಗಲೆಲ್ಲ ಅಜ್ಜಿ ಅಲ್ಲಿಂದ ಎದ್ದು ಹೋಗುತ್ತಿದ್ದಳು. ಅದು ಮೊದಲೂ ಸಾಧುವೇ ಆಗಿತ್ತು. ಕೊಂಬಿಟ್ಟುಕೊಂಡು ಸಾಧುವಾಗಿತ್ತು.

ಒಂದು ದಿನ ಅಜ್ಜಿ ಒಂದು ಮರಿಯನ್ನು ಎತ್ತಿಕೊಂಡು ಹಣೆ ಸವರಿದಳು. ಕೂದಲ ಕೆಳಗೆ, ಹೆಬ್ಬೆರಳಿಗೆ, ಎರಡು ಗಂಟು ತಾಗಿದವು. ಹಿಂದಿನ ಸಂಜೆಯಷ್ಟೇ ಆ ಮರಿ ಹಿರಿಯಕ್ಕನ ಪಕ್ಕೆಗೆ ಹಣೆ ಕೊಟ್ಟು ತಳ್ಳಿ ನೋಡಿತ್ತು. ಹಿರಿಯಕ್ಕ ತಲೆ ವಾಲಿಸಲಿಲ್ಲ. ಆ ಅಭ್ಯಾಸವನ್ನೇ ಅದು ಬಿಟ್ಟುಬಿಟ್ಟಿತ್ತು. ಎದ್ದು ಮೂಲೆಗೆ ಹೋಗಿ ನಿಂತಿತು.

"ಕೊಂಬನ್ನ ಮೊಳಕೆಯಲ್ಲೇ ಸುಟ್ಟರೆ ನೋವಿಲ್ಲವಂತೆ ಅತ್ತೆ," ಅಂದಳು ಪಕ್ಕದಲ್ಲಿ ಸೊಪ್ಪು ಹಾಕುತ್ತಿದ್ದ ಸೊಸೆ. "ಕಾಂಪೌಂಡರ್ ಹೇಳ್ತಿದ್ದರು. ಇವಕ್ಕೆ ಬರದೇ ಇದ್ದರೆ ಹಿರಿಯಕ್ಕನಿಗೂ ಇವುಗಳ ಕಾಟ ಇರಲ್ಲ. ಹೇಗೆ ಮಾಡೋಣ?"

ಅಜ್ಜಿಯ ಬಾಯಿಗೆ ಉತ್ತರ ಬಂದಿತ್ತು. ಅವಳು ಅದನ್ನು ಹೊರಗೆ ಬಿಡಲಿಲ್ಲ. ಮರಿಯ ಹಣೆಯ ಮೇಲೆ ಬೆರಳಾಡಿಸುತ್ತ ನಿಂತಳು. ಹಿರಿಯಕ್ಕನಿಗೆ ಒಂದು ಮೂಲೆ ಉಳಿಸಲು ಇವೆಲ್ಲದರ ತಲೆ ಬೋಳಿಸಬೇಕು. ಬೋಳಿಸದಿದ್ದರೆ ಇವು ಬೆಳೆದು ಅದನ್ನು ಆ ಮೂಲೆಯಿಂದಲೂ ತಳ್ಳುತ್ತವೆ.

"ನೀನು ಏನಂತೀಯ?" ಅಂತ ಕೇಳಿದಳು.

ಅತ್ತೆ ಹಾಗೆ ಕೇಳಿದ್ದು ಸೊಸೆಗೆ ಹೊಸದು. ಅವಳು ಸೊಪ್ಪಿನ ಕಟ್ಟು ಕೆಳಗಿಟ್ಟಳು. "ನನಗೆ... ಬೇಡ ಅನ್ಸುತ್ತೆ ಅತ್ತೆ. ಬರಲಿ ಬಿಡಿ. ಬಂದ ಮೇಲೆ ತುದಿ ಮೊಂಡು ಮಾಡಿಸೋಣ. ಹೊರಗೆ ಹೋದರೆ ಅವಕ್ಕೆ ಬೇಕಲ್ವಾ?"

"ಬೇಕು," ಅಂದಳು ಅಜ್ಜಿ. "ಹಾಗೇ ಮಾಡೋಣ."

ಮರುದಿನ ಬೆಳಿಗ್ಗೆ ಬೇಲಿಯ ಬಾಗಿಲು ತೆಗೆದು ಮರಿಗಳನ್ನು ಮಂದೆಗೆ ಸೇರಿಸಿದರು. ಇನ್ನು ಮೇಲೆ ಸೊಸೆಯೂ ಜೊತೆಗೆ ಬರುವುದು ಅಂತ ಆಗಿತ್ತು. ಅವಳು ಮುಂದೆ, ಅಜ್ಜಿ ಹಿಂದೆ. ಮರಿಗಳು ಒಂದರ ಮೇಲೊಂದು ಹಾರಿ ಹೊರಬಿದ್ದವು. ಹಿರಿಯಕ್ಕ ಅವುಗಳ ಹಿಂದೆಯೇ ಬಾಗಿಲವರೆಗೆ ಬಂತು. ಬಾಗಿಲು ಇನ್ನೂ ತೆರೆದೇ ಇತ್ತು, ಹಾಕಿಕೊಳ್ಳಲು ಅಜ್ಜಿಯ ಕೈ ಏಳಲಿಲ್ಲ. ಆಡು ಹೊಸಿಲಿನಲ್ಲಿ ನಿಂತು ಹೊರಗಿನ ಮಂದೆಯನ್ನು ನೋಡಿತು. ಆಮೇಲೆ ತಾನಾಗಿಯೇ ಒಳಗೆ ತಿರುಗಿತು. ಅಜ್ಜಿ ಬಾಗಿಲಿಗೆ ಅಗುಳಿ ಹಾಕಿದಳು.

ಅದು ಹಿಂದಿನಿಂದ ಕೂಗುತ್ತದೆ ಅಂದುಕೊಂಡು, ಕೇಳಿಸಿಕೊಳ್ಳಲು ಮನಸ್ಸು ಗಟ್ಟಿ ಮಾಡಿಕೊಂಡು ಅವಳು ನಡೆದಳು. ಬೇಲಿ ದಾಟಿದಳು, ಬಾವಿ ದಾಟಿದಳು. ತಿರುವಿನಲ್ಲಿ ನಿಂತು ಕಿವಿಗೊಟ್ಟಳು. ಅದು ಕೂಗಲೇ ಇಲ್ಲ. ಕೂಗಿದ್ದರೆ ಚೆನ್ನಾಗಿತ್ತು ಅನ್ನಿಸಿತು.

"ಅತ್ತೆ, ಬನ್ನಿ!" ಅಂತ ಮುಂದಿನಿಂದ ಸೊಸೆ ಕರೆದಳು. ಅಜ್ಜಿ ಬಂದೆ ಅಂದು ಹೊರಟಳು.